ಕರಾರಿನ ಕೊನೆಯ ಸಾಲು: ಆರ್ಬಿಟ್ರೇಷನ್ ಹೇಗೆ ನಡೆಯುತ್ತದೆ, ಎಲ್ಲಿ ಕೈಕೊಡುತ್ತದೆ

ಮಲೆನಾಡಿನಲ್ಲಿ ಅಡಿಕೆ ಖೇಣಿಯ, ಅಂದರೆ ತೋಟದ ಫಸಲನ್ನು ಕೊಯ್ಲಿಗೆ ಮೊದಲೇ ಮಾರುವ ಕರಾರಿನ, ಮಾತುಕತೆ ಆಗುವುದು ಹೆಚ್ಚಾಗಿ ಮನೆಯ ಜಗಲಿಯ ಮೇಲೆ, ಕೊಯ್ಲು ಶುರುವಾಗುವ ಮೊದಲು. ಖೇಣಿದಾರರು ತೋಟ ಸುತ್ತಿ ಫಸಲಿನ ಅಂದಾಜು ಕಟ್ಟುತ್ತಾರೆ, ಮುಂಗಡ ಕೊಡುತ್ತಾರೆ. ಛಾಪಾ ಕಾಗದದಲ್ಲಿ ದರ, ತೂಕ, ಕೊಯ್ಲಿನ ಸರದಿ ಎಲ್ಲ ಬರೆದಾದ ಮೇಲೆ ಕೊನೆಗೆ ಒಂದು ಸಾಲು ಬರುತ್ತದೆ: "ಮುಂದೆ ಏನಾದರೂ ತಕರಾರು ಬಂದಲ್ಲಿ ಉಭಯತ್ರರೂ ಹಿರಿಯರ ಸಮಕ್ಷಮ ಕೂತು ಬಗೆಹರಿಸಿಕೊಳ್ಳತಕ್ಕದ್ದು." ಬರೆಯುವವರು ರೂಢಿಯಿಂದ ಬರೆಯುತ್ತಾರೆ, ಸಹಿ ಹಾಕುವವರು ಓದುವುದೇ ಇಲ್ಲ. ತಕರಾರು ಎದ್ದ ದಿನ ಇಡೀ ಕಾಗದದಲ್ಲಿ ಮೊದಲು ನೆರವಿಗೆ ಬರಬೇಕಾದದ್ದು ಆ ಸಾಲು. ಹೀಗೆ ಬರೆದಿದ್ದರೆ ಅದು ನೆರವಿಗೆ ಬರುವುದಿಲ್ಲ.

ಯಾಕೆ ಎಂದು ತಿಳಿಯಲು ಮೊದಲು ಒಂದು ಪದದ ಗೊಂದಲ ಬಿಡಿಸಿಕೊಳ್ಳಬೇಕು. ಕನ್ನಡದಲ್ಲಿ 'ಮಧ್ಯಸ್ಥಿಕೆ' ಎಂಬ ಒಂದೇ ಮಾತನ್ನು ಎರಡು ಬೇರೆ ಬೇರೆ ಕೆಲಸಗಳಿಗೆ ಬಳಸುತ್ತೇವೆ. ಕೋರ್ಟುಗಳ ಆವರಣದಲ್ಲಿ 'ಮಧ್ಯಸ್ಥಿಕೆ ಕೇಂದ್ರ' ಎಂಬ ಫಲಕ ಇರುವ ಕಡೆ ನಡೆಯುವುದು ಮೀಡಿಯೇಷನ್. ಅಲ್ಲಿ ಕೂತವರು ತೀರ್ಪು ಕೊಡುವುದಿಲ್ಲ. ಇಬ್ಬರನ್ನೂ ಮಾತಾಡಿಸಿ ಅವರೇ ಒಂದು ಒಪ್ಪಂದಕ್ಕೆ ಬರುವಂತೆ ಮಾಡುತ್ತಾರೆ. ಒಪ್ಪಿಗೆಯಾಗದಿದ್ದರೆ ಎದ್ದು ಬರಬಹುದು. ಆರ್ಬಿಟ್ರೇಷನ್ ಹಾಗಲ್ಲ. ಅಲ್ಲಿ ಆರ್ಬಿಟ್ರೇಟರ್ ಎರಡೂ ಕಡೆಯ ವಾದ, ಸಾಕ್ಷ್ಯ ಕೇಳಿ ತೀರ್ಪು ಬರೆಯುತ್ತಾರೆ. ಸೋತವರಿಗೆ ಇಷ್ಟವಿರಲಿ ಬಿಡಲಿ, ಅದು ಸಿವಿಲ್ ಕೋರ್ಟಿನ ಡಿಕ್ರಿಯಷ್ಟೇ ಬಲದಿಂದ ಜಾರಿಯಾಗುತ್ತದೆ. ಆ ತೀರ್ಪಿಗೆ 'ಐತೀರ್ಪು' ಎನ್ನುತ್ತಾರೆ. ಕಾವೇರಿ, ಕೃಷ್ಣಾ ನ್ಯಾಯಮಂಡಳಿಗಳ ಸುದ್ದಿಯಲ್ಲಿ ನಾವೆಲ್ಲ ಕೇಳಿದ ಪದ ಅದು. ಐದು ಮಂದಿ ಪಂಚರ ನೆನಪು ಆ ಪದದಲ್ಲೇ ಇದೆ. ಗೊಂದಲ ತಪ್ಪಿಸಲು ಇಲ್ಲಿ ವಕೀಲರ ಕಚೇರಿಗಳಲ್ಲಿ ಆಡುವಂತೆ ಆರ್ಬಿಟ್ರೇಷನ್ ಎಂದೇ ಬರೆಯುತ್ತೇನೆ.

ಇದಕ್ಕೆ ಇರುವ ಕಾನೂನು 1996ರ ಮಧ್ಯಸ್ಥಿಕೆ ಮತ್ತು ರಾಜಿ ಸಂಧಾನ ಅಧಿನಿಯಮ. ಅದಕ್ಕೂ ಮೊದಲು 1940ರ ಕಾಯ್ದೆ ಇತ್ತು. ವಿಶ್ವಸಂಸ್ಥೆಯ ವ್ಯಾಪಾರ ಕಾನೂನು ಆಯೋಗ 1985ರಲ್ಲಿ ಸಿದ್ಧಪಡಿಸಿದ ಮಾದರಿ ಕಾನೂನಿನ ಜಾಡಿನಲ್ಲಿ ಹೊಸ ಕಾಯ್ದೆ ಬಂತು. 2015, 2019 ಮತ್ತು 2021ರಲ್ಲಿ ತಿದ್ದುಪಡಿಗಳಾದವು. ಹಳೆಯ ಪುಸ್ತಕ ನೋಡಿ ಸಲಹೆ ಕೊಡುವವರು ಈಗಲೂ ಇದ್ದಾರೆ. 2015ರ ತಿದ್ದುಪಡಿ ಕಾಲಮಿತಿ, ಶುಲ್ಕ, ಆರ್ಬಿಟ್ರೇಟರ್ ನಿಷ್ಪಕ್ಷಪಾತ ಮೂರನ್ನೂ ಬದಲಾಯಿಸಿತು, ಆದ್ದರಿಂದ ಈ ಎಚ್ಚರ ಬೇಕು.

ಸಾಲು ಹೇಗಿರಬೇಕು

ಆರ್ಬಿಟ್ರೇಟರ್‌ಗೆ ಅಧಿಕಾರ ಬರುವುದು ಸರ್ಕಾರದಿಂದಲ್ಲ, ನಿಮ್ಮ ಒಪ್ಪಂದದಿಂದ. ಆದ್ದರಿಂದ ಸೆಕ್ಷನ್ 7ರ ಪ್ರಕಾರ ಆ ಒಪ್ಪಂದ ಬರವಣಿಗೆಯಲ್ಲಿ ಇರಲೇಬೇಕು. ಇಬ್ಬರೂ ಸಹಿ ಹಾಕಿದ ಕರಾರು ಆಗಬಹುದು. ಪತ್ರ, ಇಮೇಲ್‌ನಂಥ ವಿದ್ಯುನ್ಮಾನ ಸಂದೇಶಗಳ ವಿನಿಮಯವೂ ಆಗಬಹುದು. ಬಾಯಿಮಾತು ನಡೆಯುವುದಿಲ್ಲ. ಬರವಣಿಗೆಯಲ್ಲಿ ಎರಡು ಸಂಗತಿ ಸ್ಪಷ್ಟವಾಗಿರಬೇಕು: ತಕರಾರನ್ನು ಮೂರನೆಯವರ ತೀರ್ಮಾನಕ್ಕೆ ಒಪ್ಪಿಸಲೇಬೇಕು ಎಂಬುದು ಒಂದು, ಆ ತೀರ್ಮಾನ ಇಬ್ಬರಿಗೂ ಬದ್ಧ ಎಂಬುದು ಇನ್ನೊಂದು. 'ಹಿರಿಯರ ಸಮಕ್ಷಮ ಕೂತು ಬಗೆಹರಿಸಿಕೊಳ್ಳುವುದು' ಎಂಬಲ್ಲಿ ಹಿರಿಯರಿಗೆ ತೀರ್ಪು ಕೊಡುವ ಅಧಿಕಾರ ಕೊಟ್ಟಿಲ್ಲ. 'ಬೇಕಾದರೆ ಆರ್ಬಿಟ್ರೇಷನ್‌ಗೆ ಹೋಗಬಹುದು' ಎಂದು ಬರೆದರೂ ಅದೇ ಗತಿ. 'ಉಭಯತ್ರರು ಹಾಗೆ ನಿಶ್ಚಯಿಸಿದರೆ ಆರ್ಬಿಟ್ರೇಷನ್‌ಗೆ ಒಪ್ಪಿಸತಕ್ಕದ್ದು' ಎಂಬ ಅರ್ಥದ ಷರತ್ತು ಆರ್ಬಿಟ್ರೇಷನ್ ಒಪ್ಪಂದವೇ ಅಲ್ಲ ಎಂದು 2007ರ ಜಗದೀಶ್ ಚಂದರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಇನ್ನೊಮ್ಮೆ ನಿಶ್ಚಯಿಸಬೇಕು ಅಂದರೆ ಇನ್ನೂ ಒಪ್ಪಿಲ್ಲ ಅಂತಲೇ ಅರ್ಥ.

ಕೆಲಸಕ್ಕೆ ಬರುವ ಸಾಲು ಹೀಗಿರುತ್ತದೆ:

"ಈ ಕರಾರಿನಿಂದ ಅಥವಾ ಇದಕ್ಕೆ ಸಂಬಂಧಪಟ್ಟು ಹುಟ್ಟುವ ಯಾವುದೇ ತಕರಾರನ್ನು 1996ರ ಮಧ್ಯಸ್ಥಿಕೆ ಮತ್ತು ರಾಜಿ ಸಂಧಾನ ಅಧಿನಿಯಮದ ಪ್ರಕಾರ ಒಬ್ಬ ಆರ್ಬಿಟ್ರೇಟರ್ ಮುಂದೆ ಇಟ್ಟು ಇತ್ಯರ್ಥಪಡಿಸಿಕೊಳ್ಳತಕ್ಕದ್ದು. ಆರ್ಬಿಟ್ರೇಟರ್‌ರನ್ನು ಉಭಯತ್ರರೂ ಒಪ್ಪಿ ನೇಮಿಸತಕ್ಕದ್ದು. ಆರ್ಬಿಟ್ರೇಷನ್ ಪೀಠಸ್ಥಳ ಶಿವಮೊಗ್ಗ. ನಡಾವಳಿಯ ಭಾಷೆ ಕನ್ನಡ. ಐತೀರ್ಪು ಉಭಯತ್ರರಿಗೂ ಅಂತಿಮ ಮತ್ತು ಬದ್ಧ."

ಇದರಲ್ಲಿ ಒಂದು ಮಾತೂ ಅಲಂಕಾರಕ್ಕಿಲ್ಲ. 'ಒಬ್ಬ' ಎಂದದ್ದು ಯಾಕೆಂದರೆ ಸೆಕ್ಷನ್ 10ರಂತೆ ಸಂಖ್ಯೆ ಸಮ ಇರುವಂತಿಲ್ಲ. ಇಬ್ಬರು ಕೂತು ಒಬ್ಬೊಬ್ಬರು ಒಂದೊಂದು ಹೇಳಿದರೆ ಬಗೆಹರಿಯುವುದು ಹೇಗೆ? ಮೂವರನ್ನು ಇಟ್ಟರೆ ಖರ್ಚೂ ಹೆಚ್ಚು, ಮೂವರ ದಿನಾಂಕ ಹೊಂದಿಸುವುದರಲ್ಲೇ ತಿಂಗಳು ಹೋಗುತ್ತದೆ. ಸಂಖ್ಯೆಯನ್ನೇ ಬರೆಯದಿದ್ದರೆ ಕಾನೂನು ಒಬ್ಬರು ಎಂದು ಹಿಡಿಯುತ್ತದೆ.

'ಪೀಠಸ್ಥಳ' ಎಂಬ ಪದಕ್ಕೆ ಜನ ಕೊಡುವ ಗಮನ ಕಡಿಮೆ. ಅದು ಬರೀ ಸಭೆ ಸೇರುವ ಜಾಗವಲ್ಲ. ಮಧ್ಯಂತರ ಆದೇಶ ಬೇಕೆಂದರೂ, ಐತೀರ್ಪನ್ನು ರದ್ದು ಮಾಡಿಸಬೇಕೆಂದರೂ ಯಾವ ಊರಿನ ಕೋರ್ಟಿಗೆ ಹೋಗಬೇಕು ಎಂಬುದನ್ನು ಆ ಪದ ತೀರ್ಮಾನಿಸುತ್ತದೆ. ತೀರ್ಥಹಳ್ಳಿಯ ಬೆಳೆಗಾರರು ಚೆನ್ನೈ ಪೀಠಸ್ಥಳ ಎಂದಿರುವ ಕಾಗದಕ್ಕೆ ಸಹಿ ಹಾಕಿದರೆ ಮುಂದೆ ಚೆನ್ನೈಗೇ ಓಡಾಡಬೇಕು. ಭಾಷೆಯೂ ಅಷ್ಟೇ. ಸೆಕ್ಷನ್ 22 ಭಾಷೆಯನ್ನು ಕಕ್ಷಿಗಾರರ ಆಯ್ಕೆಗೆ ಬಿಟ್ಟಿದೆ, ಕನ್ನಡ ಎಂದು ಬರೆದರೆ ವಾದ, ಸಾಕ್ಷಿ, ಐತೀರ್ಪು ಎಲ್ಲವೂ ಕನ್ನಡದಲ್ಲೇ ನಡೆಯಬಹುದು. ತೂಕದ ಚೀಟಿ, ಮಂಡಿಯ ಪಟ್ಟಿ, ಕೂಲಿಯ ಲೆಕ್ಕದ ಪುಸ್ತಕ ಎಲ್ಲ ಕನ್ನಡದಲ್ಲಿರುವ ವ್ಯವಹಾರಕ್ಕೆ ಇಂಗ್ಲಿಷ್ ಆರ್ಬಿಟ್ರೇಷನ್ ಯಾಕೆ? ಪ್ರಕರಣ ಹೈಕೋರ್ಟಿಗೆ ಹೋದರೆ ಮಾತ್ರ ಅನುವಾದದ ಖರ್ಚು ಬರುತ್ತದೆ.

ಆರ್ಬಿಟ್ರೇಟರ್ ಹೆಸರನ್ನೇ ಕರಾರಿನಲ್ಲಿ ಬರೆದುಬಿಡುವ ರೂಢಿ ಇದೆ. ಅವರು ತೀರಿಕೊಂಡರೆ ಅಥವಾ ನಂತರ ಒಂದು ಕಡೆಯವರ ಬೀಗರಾದರೆ ಬದಲಿ ನೇಮಕದ ಗಲಾಟೆಯಿಂದಲೇ ಪ್ರಕರಣ ಶುರುವಾಗುತ್ತದೆ. ಹೆಸರು ಬೇಡ, ನೇಮಿಸುವ ವಿಧಾನ ಸಾಕು.

ಆರ್ಬಿಟ್ರೇಟರ್ ವಕೀಲರೋ ನಿವೃತ್ತ ನ್ಯಾಯಾಧೀಶರೋ ಆಗಿರಲೇಬೇಕೆಂದು ಕಾನೂನು ಹೇಳುವುದಿಲ್ಲ. ಅಡಿಕೆಯ ದರ್ಜೆಗಳಲ್ಲಿ ಬೆಟ್ಟೆ ಯಾವುದು, ಗೊರಬಲು ಯಾವುದು ಎಂದು ಕೈಯಲ್ಲಿ ಹಿಡಿದು ಹೇಳಬಲ್ಲ ಅನುಭವಸ್ಥರೂ ಆಗಬಹುದು. ಇದು ಆರ್ಬಿಟ್ರೇಷನ್‌ನ ದೊಡ್ಡ ಗುಣ. ಆದರೆ ಕಾರಣ ಕೊಟ್ಟು ತೀರ್ಪು ಬರೆಯಲು ಬಾರದವರ ಐತೀರ್ಪು ಮುಂದೆ ಕೋರ್ಟಿನಲ್ಲಿ ನಿಲ್ಲುವುದು ಕಷ್ಟ. ಕಾನೂನು ಬಲ್ಲವರನ್ನು ಆರ್ಬಿಟ್ರೇಟರ್ ಮಾಡಿ, ಮಾಲಿನ ಗುಣಮಟ್ಟದ ಬಗ್ಗೆ ಸೆಕ್ಷನ್ 26ರ ಕೆಳಗೆ ತಜ್ಞರ ವರದಿ ತರಿಸಿಕೊಳ್ಳುವುದು ನನ್ನ ಮಟ್ಟಿಗೆ ಸುರಕ್ಷಿತ ದಾರಿ.

ಇನ್ನು ಛಾಪಾ ಕಾಗದದ ಮಾತು. ಸ್ಟ್ಯಾಂಪ್ ಶುಲ್ಕ ಕಟ್ಟದ ಕರಾರಿನ ಆರ್ಬಿಟ್ರೇಷನ್ ಷರತ್ತು ಊರ್ಜಿತವೇ ಎಂಬ ಜಗಳ ವರ್ಷಗಟ್ಟಲೆ ನಡೆದು, 2023ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟಿನ ಏಳು ನ್ಯಾಯಮೂರ್ತಿಗಳ ಪೀಠ ಅದನ್ನು ಮುಗಿಸಿತು. ಸ್ಟ್ಯಾಂಪ್ ಕೊರತೆಯಿಂದ ಒಪ್ಪಂದ ಶೂನ್ಯವಾಗುವುದಿಲ್ಲ, ಕೊರತೆ ತುಂಬುವವರೆಗೆ ಸಾಕ್ಷ್ಯವಾಗಿ ಒಪ್ಪುವಂತಿಲ್ಲ ಅಷ್ಟೇ. ಹಾಗೆಂದು ಹಗುರವಾಗಿ ತೆಗೆದುಕೊಳ್ಳಬೇಡಿ. 1957ರ ಕರ್ನಾಟಕ ಸ್ಟ್ಯಾಂಪ್ ಕಾಯ್ದೆಯಲ್ಲಿ ಕೊರತೆಯ ಹತ್ತು ಪಟ್ಟು ದಂಡ ಇದೆ.

ತಕರಾರು ಎಲ್ಲಿ ಹುಟ್ಟುತ್ತದೆ

ಷರತ್ತು ಎಷ್ಟೇ ಚೆನ್ನಾಗಿದ್ದರೂ ಮೂಲ ಕರಾರು ಮಸುಕಾಗಿದ್ದರೆ ಆರ್ಬಿಟ್ರೇಟರ್ ಏನನ್ನು ಹಿಡಿದು ತೀರ್ಪು ಕೊಡಬೇಕು? ಖೇಣಿಯಲ್ಲಿ ಹಸಿ ಅಡಿಕೆ ತೂಗಿ, ಕ್ವಿಂಟಲ್ಲಿಗೆ ಇಷ್ಟು ಕೆ.ಜಿ. ಒಣ ಅಡಿಕೆ ಎಂದು ಲೆಕ್ಕ ಹಾಕುವ ಪದ್ಧತಿ ಇದೆ. ಒಬ್ಬರು 12 ಅಂದುಕೊಂಡಿರುತ್ತಾರೆ, ಇನ್ನೊಬ್ಬರು 13. ಒಂದು ಕೆ.ಜಿ.ಯಲ್ಲಿ ಏನು ಮಹಾ ಎನಿಸಬಹುದು. 200 ಕ್ವಿಂಟಲ್ ಹಸಿ ಅಡಿಕೆಗೆ ಅದು 200 ಕೆ.ಜಿ. ಒಣ ಮಾಲು, ಕ್ವಿಂಟಲ್ಲಿಗೆ 50,000 ರೂಪಾಯಿ ಎಂದು ಇಟ್ಟುಕೊಂಡರೂ ಒಂದು ಲಕ್ಷದ ವ್ಯತ್ಯಾಸ. ದರದ್ದೂ ಇದೇ ಕಥೆ. 'ಮಾರುಕಟ್ಟೆ ದರ' ಎಂದು ಬರೆದರೆ ಯಾವ ಮಾರುಕಟ್ಟೆ, ಯಾವ ದಿನ, ರಾಶಿ ಇಡಿಯದೋ ಬೆಟ್ಟೆಯದೋ, ಗರಿಷ್ಠವೋ ಸರಾಸರಿಯೋ? 'ಮಾಲು ಎತ್ತಿದ ದಿನದ ಶಿವಮೊಗ್ಗ ಎಪಿಎಂಸಿ ರಾಶಿ ಇಡಿ ಸರಾಸರಿ ದರ' ಎಂದು ಬರೆದರೆ ಅರ್ಧ ತಕರಾರು ಅಲ್ಲೇ ಮುಗಿಯಿತು. ಕೊಳೆ ರೋಗ ಬಂದು ಕಾಯಿ ಉದುರಿದರೆ ನಷ್ಟ ಯಾರದ್ದು, ಬೋರ್ಡೋ ದ್ರಾವಣ ಹೊಡೆಸುವ ಹೊಣೆ ಯಾರದ್ದು ಎಂಬುದನ್ನೂ ಬರೆಯಬೇಕು. ಎಲೆಚುಕ್ಕಿ ರೋಗ ಹಬ್ಬಿರುವ ತಾಲ್ಲೂಕುಗಳಲ್ಲಿ ಇದನ್ನು ಬಿಟ್ಟರೆ ಆಗುವುದೇ ಇಲ್ಲ.

ಊರ ಪಂಚಾಯ್ತಿ ಮತ್ತು ಮೂರು ವರ್ಷದ ಗಡುವು

ಊರಲ್ಲಿ ಪಂಚರು ಕೂತು ನ್ಯಾಯ ಹೇಳುವುದು ನಮ್ಮಲ್ಲಿ ಈಗಲೂ ಇದೆ, ಎಷ್ಟೋ ಜಗಳಗಳು ಅಲ್ಲೇ ತಣ್ಣಗಾಗುತ್ತವೆ. ಅದನ್ನು ಕಡೆಗಣಿಸುವ ಮಾತಲ್ಲ ಇದು. ಆದರೆ ಬಾಯಿಮಾತಿನ ಪಂಚಾಯ್ತಿಯ ತೀರ್ಮಾನವನ್ನು ಒಬ್ಬರು ಪಾಲಿಸದಿದ್ದರೆ ಕೋರ್ಟಿನ ಮೂಲಕ ಜಾರಿ ಮಾಡಿಸಲು ಬರುವುದಿಲ್ಲ. ಅದಕ್ಕಿಂತ ದೊಡ್ಡ ಅಪಾಯ ಕಾಲದ್ದು. ಬಾಕಿ ಹಣದ ವಸೂಲಿಗೆ ಸಾಮಾನ್ಯವಾಗಿ ಮೂರು ವರ್ಷದ ಗಡುವು. ಸೆಕ್ಷನ್ 43ರ ಪ್ರಕಾರ ಈ ಗಡುವು ಹಾಕುವ ಲಿಮಿಟೇಷನ್ ಕಾಯ್ದೆ ಆರ್ಬಿಟ್ರೇಷನ್‌ಗೂ ಅನ್ವಯಿಸುತ್ತದೆ. ದೀಪಾವಳಿ ಕಳೆಯಲಿ, ಮದುವೆ ಮುಗಿಯಲಿ, ದರ ಏರಲಿ ಎನ್ನುತ್ತ ಪಂಚಾಯ್ತಿಯನ್ನು ಮುಂದೂಡುತ್ತ ಹೋದರೆ ಮೂರು ವರ್ಷ ತಾನಾಗಿ ಸರಿದುಹೋಗುತ್ತದೆ. ಪಂಚಾಯ್ತಿ ಕೂತಷ್ಟಕ್ಕೆ ಗಡುವು ನಿಲ್ಲುವುದಿಲ್ಲ. ಗಡುವು ಮುಗಿಯುವ ಮೊದಲೇ ಸಾಲಗಾರರು ಬಾಕಿ ಇದೆ ಎಂದು ಬರೆದು ಸಹಿ ಮಾಡಿ ಕೊಟ್ಟರೆ, ಆ ದಿನದಿಂದ ಹೊಸದಾಗಿ ಮೂರು ವರ್ಷ ಸಿಗುತ್ತದೆ. ಆದ್ದರಿಂದ ಪಂಚಾಯ್ತಿಯಲ್ಲಿ ಮಾತು ಮುಗಿದಾಗ ಏಳುವ ಮೊದಲು 'ಇಷ್ಟು ಬಾಕಿ ಇರುವುದು ನಿಜ' ಎಂಬ ಒಂದು ಸಾಲು, ತಾರೀಖು, ಸಹಿ ತೆಗೆದುಕೊಳ್ಳಬೇಕು.

ಮನೆಪಾಲಿನ ಪಾರೀಖತ್ತಿನಲ್ಲಿ ಇನ್ನೊಂದು ತಪ್ಪಾಗುತ್ತದೆ. ಅಣ್ಣತಮ್ಮಂದಿರು, ಪಂಚರು ಸಹಿ ಹಾಕುತ್ತಾರೆ. ಮದುವೆಯಾಗಿ ಹೋದ ಅಕ್ಕತಂಗಿಯರನ್ನು ಕರೆಯುವುದೇ ಇಲ್ಲ. 2005ರ ತಿದ್ದುಪಡಿಯ ನಂತರ ಹಿಂದೂ ಅವಿಭಕ್ತ ಕುಟುಂಬದಲ್ಲಿ ಹೆಣ್ಣುಮಕ್ಕಳೂ ಹುಟ್ಟಿನಿಂದಲೇ ಸಮಪಾಲುದಾರರು. ಒಪ್ಪಂದದಲ್ಲಿ ಇಲ್ಲದವರನ್ನು ಯಾವ ಐತೀರ್ಪೂ ಕಟ್ಟಿಹಾಕುವುದಿಲ್ಲ. ಅವರು ಕೇಳಿದ ದಿನ ಇಡೀ ಪಾಲುಪಟ್ಟಿ ಅಲುಗಾಡುತ್ತದೆ. ಸ್ಥಿರಾಸ್ತಿಯ ಹಕ್ಕನ್ನು ಹಂಚುವ ಐತೀರ್ಪಾದರೆ ಅದಕ್ಕೆ ಸ್ಟ್ಯಾಂಪ್ ಶುಲ್ಕ, ನೋಂದಣಿಯೂ ಬೇಕು.

ಆರ್ಬಿಟ್ರೇಷನ್ ಎಲ್ಲದಕ್ಕೂ ಒಗ್ಗುವುದಿಲ್ಲ. ಇಬ್ಬರ ನಡುವಿನ ಹಕ್ಕುಬಾಧ್ಯತೆಗಳನ್ನು ಮಾತ್ರ ಒಪ್ಪಿಸಬಹುದು, ಇಡೀ ಲೋಕಕ್ಕೆ ಅನ್ವಯಿಸುವ ಸಂಗತಿಗಳನ್ನಲ್ಲ ಎಂಬುದು 2011ರ ಬೂಜ್ ಅಲೆನ್, 2020ರ ವಿದ್ಯಾ ದ್ರೋಲಿಯಾ ತೀರ್ಪುಗಳ ತಿರುಳು. ಕ್ರಿಮಿನಲ್ ಅಪರಾಧ, ವಿಚ್ಛೇದನ, ದಿವಾಳಿ, ಉಯಿಲಿನ ಪ್ರೊಬೇಟ್ (ಉಯಿಲು ನಿಜವೆಂದು ಕೋರ್ಟು ದೃಢಪಡಿಸುವುದು) ಇವು ಹೊರಗೆ. ಮಲೆನಾಡಿನ ಮಟ್ಟಿಗೆ ಹೇಳುವುದಾದರೆ ಬಗರ್ ಹುಕುಂ ಸಾಗುವಳಿ, ತೋಟಕ್ಕೆ ಸೊಪ್ಪು ತರುವ ಸೊಪ್ಪಿನ ಬೆಟ್ಟದ ಸವಲತ್ತು, ಕಾಡು ಒತ್ತುವರಿ ಇವೆಲ್ಲ ಸರ್ಕಾರದೊಂದಿಗೆ ಸಂಬಂಧಪಟ್ಟ ಸಂಗತಿಗಳು. ನೆರೆಹೊರೆಯವರಿಬ್ಬರು ಕೂತು ಆರ್ಬಿಟ್ರೇಟರ್ ಕೈಯಲ್ಲಿ ಹಕ್ಕು ಬರೆಸಿಕೊಂಡರೆ ಕಂದಾಯ ಇಲಾಖೆಗೂ ಅರಣ್ಯ ಇಲಾಖೆಗೂ ಅದು ಲೆಕ್ಕಕ್ಕಿಲ್ಲ.

ಸಹಕಾರ ಸಂಘಗಳಿಗೆ ಬೇರೆಯೇ ದಾರಿ ಇದೆ. ಸಂಘದ ರಚನೆ, ಆಡಳಿತ, ವ್ಯವಹಾರಗಳಿಗೆ ಸಂಬಂಧಿಸಿ ಸಂಘಕ್ಕೂ ಸದಸ್ಯರಿಗೂ ನಡುವೆ ಬರುವ ತಕರಾರು 1959ರ ಕರ್ನಾಟಕ ಸಹಕಾರ ಸಂಘಗಳ ಕಾಯ್ದೆಯ ಸೆಕ್ಷನ್ 70ರಂತೆ ನಿಬಂಧಕರ ಮುಂದೆ ಹೋಗಬೇಕು, ಸಿವಿಲ್ ಕೋರ್ಟಿಗೆ ಬಾಗಿಲಿಲ್ಲ. ಕರ್ನಾಟಕ, ಕೇರಳ ಎರಡರಲ್ಲೂ ಸದಸ್ಯರಿರುವ ಕ್ಯಾಂಪ್ಕೊದಂಥ ಬಹುರಾಜ್ಯ ಸಹಕಾರಿಗಳಿಗೆ 2002ರ ಕೇಂದ್ರ ಕಾಯ್ದೆ ಅನ್ವಯ. ಅದರ ಸೆಕ್ಷನ್ 84 ನೇರವಾಗಿ ಆರ್ಬಿಟ್ರೇಷನ್ ಎನ್ನುತ್ತದೆ. ಸದಸ್ಯರಾದ ಬೆಳೆಗಾರರು ತಮ್ಮ ಸಂಘ ಯಾವ ಕಾಯ್ದೆಯ ಕೆಳಗೆ ನೋಂದಣಿಯಾಗಿದೆ ಎಂದು ಪಾಸ್‌ಬುಕ್ಕಿನಲ್ಲೋ ಬೈಲಾದಲ್ಲೋ ನೋಡಿಟ್ಟುಕೊಂಡರೆ ತಪ್ಪು ಬಾಗಿಲು ತಟ್ಟುವುದು ತಪ್ಪುತ್ತದೆ.

ನೋಟಿಸಿನಿಂದ ಐತೀರ್ಪಿನವರೆಗೆ

ಆರ್ಬಿಟ್ರೇಷನ್ ಶುರುವಾಗುವುದು ಆರ್ಬಿಟ್ರೇಟರ್ ಬಂದು ಕೂತ ದಿನವಲ್ಲ. 'ಈ ತಕರಾರನ್ನು ಆರ್ಬಿಟ್ರೇಷನ್‌ಗೆ ಒಪ್ಪಿಸೋಣ' ಎಂಬ ನಿಮ್ಮ ನೋಟಿಸ್ ಎದುರಿನವರ ಕೈಸೇರಿದ ದಿನ. ಇದು ಸೆಕ್ಷನ್ 21. ಮೂರು ವರ್ಷದ ಗಡುವನ್ನು ಎಣಿಸುವುದೂ ಈ ದಿನದವರೆಗೇ. ಆದ್ದರಿಂದ ನೋಟಿಸನ್ನು ಸ್ಪೀಡ್ ಪೋಸ್ಟಿನಲ್ಲಿ ಕಳಿಸಿ, ತಲುಪಿದ ದಾಖಲೆಯನ್ನು ಜೋಪಾನ ಮಾಡಬೇಕು. ನೋಟಿಸಿನಲ್ಲಿ ಕರಾರಿನ ತಾರೀಖು, ಷರತ್ತಿನ ಸಂಖ್ಯೆ, ತಕರಾರು ಏನು, ಎಷ್ಟು ಹಣ, ನೀವು ಸೂಚಿಸುವ ಆರ್ಬಿಟ್ರೇಟರ್ ಹೆಸರು ಇಷ್ಟಿದ್ದರೆ ಸಾಕು. ಬೈಗುಳ ಬೇಡ, ಆ ಕಾಗದ ಮುಂದೆ ಹೈಕೋರ್ಟಿನವರೆಗೂ ಹೋಗುತ್ತದೆ.

ನೋಟಿಸ್ ಸಿಕ್ಕು 30 ದಿನದೊಳಗೆ ಎದುರಿನವರು ಒಪ್ಪದಿದ್ದರೆ, ಸುಮ್ಮನಿದ್ದರೆ, ಸೆಕ್ಷನ್ 11ರಲ್ಲಿ ಹೈಕೋರ್ಟಿಗೆ ಅರ್ಜಿ ಹಾಕಬೇಕು. ಪೀಠಸ್ಥಳ ಶಿವಮೊಗ್ಗವಾದರೆ ಬೆಂಗಳೂರಿನ ಪ್ರಧಾನ ಪೀಠಕ್ಕೆ ಹೋಗಬೇಕು. ಘಟ್ಟದ ಅಂಚಿನ ಶಿರಸಿ, ಸಿದ್ದಾಪುರದವರಾದರೆ ಧಾರವಾಡ ಪೀಠಕ್ಕೆ. ಇದೊಂದು ಹೆಜ್ಜೆಗೆ ಬೆಂಗಳೂರು ಸುತ್ತುವುದು ಸಣ್ಣ ವ್ಯವಹಾರದವರಿಗೆ ನಿಜಕ್ಕೂ ಭಾರ. ಜಿಲ್ಲಾ ಮಟ್ಟದಲ್ಲೇ ನೇಮಕ ಆಗುವಂತಿದ್ದರೆ ಎಷ್ಟೋ ಜನಕ್ಕೆ ಉಪಕಾರವಾಗುತ್ತಿತ್ತು.

ಎದುರಿನವರು ಷರತ್ತನ್ನು ಮರೆತು ಸಾಗರದ ಕೋರ್ಟಿನಲ್ಲೋ ಶಿವಮೊಗ್ಗದಲ್ಲೋ ದಾವೆ ಹೂಡಿಬಿಟ್ಟರೆ? ಸೆಕ್ಷನ್ 8ರ ಅರ್ಜಿ ಹಾಕಿ, ಕರಾರಿನ ಮೂಲ ಪ್ರತಿ ಅಥವಾ ದೃಢೀಕೃತ ನಕಲು ಕೊಟ್ಟರೆ ಕೋರ್ಟು ಆರ್ಬಿಟ್ರೇಷನ್‌ಗೆ ಕಳಿಸಬೇಕು. ಆದರೆ ಅದನ್ನು ಹಾಕಬೇಕಾದದ್ದು ನಿಮ್ಮ ಪ್ರತಿವಾದ ಪತ್ರ ಸಲ್ಲಿಸುವುದರೊಳಗೆ. ಮೊದಲು ಪ್ರತಿವಾದ ಕೊಟ್ಟು ಎರಡು ವರ್ಷ ನಡೆಸಿ, ಸೋಲುವ ಸೂಚನೆ ಕಂಡಾಗ ಷರತ್ತು ನೆನಪಾದರೆ ಕೇಳುವವರಿಲ್ಲ.

ಮಾಲು ಕೆಡುವ ವಸ್ತುವಾದರೆ ಐತೀರ್ಪಿನವರೆಗೆ ಕಾಯಲು ಆಗುವುದಿಲ್ಲ. ಕೊಯ್ದ ಹಸಿ ಅಡಿಕೆ ಅಂಗಳದಲ್ಲಿ ರಾಶಿ ಬಿದ್ದಿದೆ, ಎತ್ತಬೇಡಿ ಎಂದು ಒಬ್ಬರು ಅಡ್ಡ ನಿಂತಿದ್ದಾರೆ ಎಂದುಕೊಳ್ಳಿ. ಹೊತ್ತಿಗೆ ಸರಿಯಾಗಿ ಸುಲಿದು ಬೇಯಿಸಿ ಒಣಗಿಸದಿದ್ದರೆ ಬಣ್ಣ ಕೆಟ್ಟು ದರವೇ ಬಿದ್ದುಹೋಗುತ್ತದೆ. ಇಂಥಲ್ಲಿ ಸೆಕ್ಷನ್ 9ರ ಕೆಳಗೆ ಜಿಲ್ಲಾ ನ್ಯಾಯಾಲಯವನ್ನು ಕೇಳಿ ಮಾಲನ್ನು ಕಾಪಾಡಲು ಅಥವಾ ಮಾರಿ ಹಣವನ್ನು ಕೋರ್ಟಿನಲ್ಲಿ ಇಡಲು ಆದೇಶ ತರಬಹುದು. ಮೂರು ಲಕ್ಷ ರೂಪಾಯಿಗೆ ಕಡಿಮೆಯಿಲ್ಲದ ವಾಣಿಜ್ಯ ವ್ಯಾಜ್ಯವಾದರೆ ವಾಣಿಜ್ಯ ನ್ಯಾಯಾಲಯವನ್ನು ಕೇಳಬೇಕು. ಆರ್ಬಿಟ್ರೇಷನ್ ಶುರುವಾಗುವ ಮೊದಲೇ ಇಂಥ ಆದೇಶ ತಂದರೆ ಅಲ್ಲಿಂದ 90 ದಿನದೊಳಗೆ ಆರ್ಬಿಟ್ರೇಷನ್ ಶುರು ಮಾಡಲೇಬೇಕು. ಆರ್ಬಿಟ್ರೇಟರ್ ಬಂದ ಮೇಲೆ ಸೆಕ್ಷನ್ 17ರಲ್ಲಿ ಅವರನ್ನೇ ಕೇಳಬಹುದು.

ನೇಮಕ ಒಪ್ಪುವ ಮೊದಲು ಆರ್ಬಿಟ್ರೇಟರ್ ತಮಗೂ ಕಕ್ಷಿಗಾರರಿಗೂ ಇರುವ ನಂಟು, ವ್ಯವಹಾರ ಎಲ್ಲವನ್ನೂ ಬರೆದು ಘೋಷಿಸಬೇಕು. ಆಕ್ಷೇಪವಿದ್ದರೆ ತಿಳಿದ 15 ದಿನದೊಳಗೆ ಹೇಳಬೇಕು. ಆಮೇಲೆ ಕ್ಲೇಮು, ಪ್ರತಿವಾದ. ಇವೆರಡೂ ನೇಮಕದ ತಿಳಿವಳಿಕೆ ಸಿಕ್ಕ ಆರು ತಿಂಗಳೊಳಗೆ ಮುಗಿಯಬೇಕು. ಸಾಕ್ಷ್ಯ ಕಾಯ್ದೆಗೆ, ಸಿವಿಲ್ ಪ್ರಕ್ರಿಯಾ ಸಂಹಿತೆಗೆ ಆರ್ಬಿಟ್ರೇಟರ್ ಕಟ್ಟುಬಿದ್ದಿಲ್ಲ, ಆದರೂ ಎರಡೂ ಕಡೆಗೆ ಸಮಾನ ಅವಕಾಶ ಕೊಡಲೇಬೇಕು. ವಾಟ್ಸಾಪ್ ಸಂದೇಶ ಇದೆ ಎಂದು ಫೋನ್ ತೋರಿಸಿದರೆ ಸಾಲದು, ಮುದ್ರಿಸಿ, ಪ್ರಮಾಣಪತ್ರದೊಂದಿಗೆ ಕೊಟ್ಟರೆ ಮುಂದೆ ಯಾರೂ ತಕರಾರು ಎತ್ತಲಾರರು. ವಾದಪ್ರತಿವಾದ ಪತ್ರಗಳು ಮುಗಿದ ದಿನದಿಂದ 12 ತಿಂಗಳಲ್ಲಿ ಐತೀರ್ಪು ಬರಬೇಕು. ಇಬ್ಬರೂ ಒಪ್ಪಿದರೆ ಇನ್ನು ಆರು ತಿಂಗಳು. ಅದೂ ಮೀರಿದರೆ ಕೋರ್ಟಿನಿಂದಲೇ ವಿಸ್ತರಣೆ ಪಡೆಯಬೇಕು. ಪಡೆಯದಿದ್ದರೆ ಆರ್ಬಿಟ್ರೇಟರ್ ಅಧಿಕಾರವೇ ಕೊನೆಗೊಳ್ಳುತ್ತದೆ. ಈ ತಾರೀಖನ್ನು ಎರಡೂ ಕಡೆಯವರು ಕ್ಯಾಲೆಂಡರಿನಲ್ಲಿ ಗುರುತು ಹಾಕಿಟ್ಟುಕೊಳ್ಳಬೇಕು.

ಖರ್ಚು: ಲೆಕ್ಕ ಹಾಕಿ ನೋಡಿ

ಆರ್ಬಿಟ್ರೇಷನ್ ಅಗ್ಗ ಎಂಬ ಮಾತನ್ನು ಪರೀಕ್ಷಿಸದೆ ನಂಬಬೇಡಿ. ಕೋರ್ಟಿನಲ್ಲಿ ನ್ಯಾಯಾಧೀಶರ ಸಂಬಳ ಸರ್ಕಾರದ್ದು, ಇಲ್ಲಿ ಆರ್ಬಿಟ್ರೇಟರ್ ಶುಲ್ಕ ನಿಮ್ಮದು. ಕಾಯ್ದೆಯ ನಾಲ್ಕನೇ ಅನುಸೂಚಿಯಲ್ಲಿ ಮಾದರಿ ಶುಲ್ಕ ಇದೆ. 5 ಲಕ್ಷದವರೆಗಿನ ತಕರಾರಿಗೆ 45,000 ರೂಪಾಯಿ. 5ರಿಂದ 20 ಲಕ್ಷದವರೆಗೆ 45,000 ಮತ್ತು 5 ಲಕ್ಷ ಮೀರಿದ ಮೊತ್ತಕ್ಕೆ ಶೇ 3.5. ಒಬ್ಬರೇ ಆರ್ಬಿಟ್ರೇಟರ್ ಆದರೆ ಅದರ ಮೇಲೆ ಶೇ 25 ಹೆಚ್ಚು.

12 ಲಕ್ಷದ ಕ್ಲೇಮು ಎನ್ನಿ. 45,000 ಜೊತೆಗೆ 7 ಲಕ್ಷಕ್ಕೆ ಶೇ 3.5 ಅಂದರೆ 24,500, ಸೇರಿ 69,500. ಒಬ್ಬರೇ ಇರುವುದರಿಂದ 17,375 ಸೇರಿಸಿ 86,875 ರೂಪಾಯಿ. ಇಬ್ಬರಲ್ಲಿ ಹಂಚಿದರೆ ತಲಾ 43,437. ಇದು ತಡೆದುಕೊಳ್ಳಬಹುದಾದ ಖರ್ಚು. ಈಗ 2 ಲಕ್ಷದ ಕ್ಲೇಮು ನೋಡಿ: 45,000ಕ್ಕೆ ಶೇ 25 ಸೇರಿ 56,250. ತಕರಾರಿನ ಕಾಲು ಭಾಗಕ್ಕಿಂತ ಹೆಚ್ಚು ಶುಲ್ಕಕ್ಕೇ ಹೋಯಿತು, ವಕೀಲರ ಫೀಸು ಬೇರೆ. ಅನುಸೂಚಿಯ ದರವೇ ಆಗಬೇಕೆಂದಿಲ್ಲ, ಎಲ್ಲರೂ ಒಪ್ಪಿ ಕಡಿಮೆ ನಿಗದಿ ಮಾಡಿಕೊಳ್ಳಬಹುದು. ಕಕ್ಷಿಗಾರರ ಒಪ್ಪಿಗೆಯಿಲ್ಲದೆ ಆರ್ಬಿಟ್ರೇಟರ್ ತಾವೇ ಶುಲ್ಕ ಕಟ್ಟುವಂತಿಲ್ಲ ಎಂದು 2022ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಆದರೂ 5 ಲಕ್ಷದೊಳಗಿನ ವ್ಯವಹಾರಗಳ ಕರಾರಿನಲ್ಲಿ ಆರ್ಬಿಟ್ರೇಷನ್ ಷರತ್ತು ಹಾಕದಿರುವುದೇ ಮೇಲು. ಅಂಥ ತಕರಾರನ್ನು ದಾವೆ ಹೂಡುವ ಮೊದಲೇ ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಕೊಟ್ಟರೆ ಲೋಕ ಅದಾಲತ್ತಿನಲ್ಲಿ ಶುಲ್ಕವಿಲ್ಲದೆ ರಾಜಿ ಮಾಡಿಸುತ್ತಾರೆ. ರಾಜಿಯಾದರೆ ಅದಕ್ಕೂ ಡಿಕ್ರಿಯ ಬಲವಿದೆ, ಅದರ ಮೇಲೆ ಅಪೀಲು ಇಲ್ಲ. ರಾಜಿಯಾಗದಿದ್ದರೆ ಕೋರ್ಟಿನ ದಾರಿ ಹಾಗೇ ತೆರೆದಿರುತ್ತದೆ.

ದೂರದ ಊರಿಂದ ನೋಟಿಸ್ ಬಂದರೆ

ಪಿಕಪ್, ಟ್ರ್ಯಾಕ್ಟರ್, ಜೆಸಿಬಿ ಸಾಲದ ಕಾಗದಗಳಲ್ಲಿ ಸಣ್ಣಕ್ಷರದ ಆರ್ಬಿಟ್ರೇಷನ್ ಷರತ್ತು ಇರುವುದು ಸಾಮಾನ್ಯ. ಕಂತು ತಪ್ಪಿದಾಗ ಬೇರೆ ರಾಜ್ಯದ ಊರಿನಿಂದ, ಇಂಗ್ಲಿಷಿನಲ್ಲಿ, ಹೆಸರೇ ಕೇಳದ ವಕೀಲರೊಬ್ಬರು ಆರ್ಬಿಟ್ರೇಟರ್ ಆಗಿ ನೋಟಿಸ್ ಕಳಿಸುತ್ತಾರೆ. ಹೊಸನಗರದ ಹಳ್ಳಿಯಲ್ಲಿ ಅದನ್ನು ಪಡೆದವರು ಕೋರ್ಟಿನದ್ದಲ್ಲವಲ್ಲ ಎಂದು ಮೂಲೆಗೆ ಹಾಕುತ್ತಾರೆ, ಇಲ್ಲವೇ ಪೋಸ್ಟ್‌ಮ್ಯಾನ್ ಹತ್ತಿರ ವಾಪಸ್ ಕಳಿಸುತ್ತಾರೆ. ಎರಡೂ ತಪ್ಪು. ಗೊತ್ತಿರುವ ವಿಳಾಸಕ್ಕೆ ಅಂಚೆಯಲ್ಲಿ ತಲುಪಿಸಲು ಪ್ರಯತ್ನಿಸಿದ ದಾಖಲೆ ಇದ್ದರೆ ಕಾನೂನಿನ ಲೆಕ್ಕದಲ್ಲಿ ಅದು ತಲುಪಿದಂತೆಯೇ ಆಗಬಹುದು. ನೀವು ಹೋಗದಿದ್ದರೂ ಸೆಕ್ಷನ್ 25ರಂತೆ ವಿಚಾರಣೆ ನಡೆದು ಐತೀರ್ಪು ಬರುತ್ತದೆ. ಅದನ್ನು ಜಾರಿ ಮಾಡಲು ನಿಮ್ಮ ಆಸ್ತಿ ಇರುವ ಊರಿನ ಕೋರ್ಟಿಗೇ ನೇರವಾಗಿ ಬರಬಹುದು ಎಂದು 2018ರಲ್ಲಿ ಸುಪ್ರೀಂ ಕೋರ್ಟ್ ತೀರ್ಪು ಕೊಟ್ಟಿದೆ. ಆಗ ಮನೆಬಾಗಿಲಿಗೆ ಬರುವುದು ಜಪ್ತಿ ವಾರಂಟು.

ಇಂಥ ನೋಟಿಸ್ ಬಂದಾಗ ಮೊದಲು ನೋಡಬೇಕಾದದ್ದು ಆರ್ಬಿಟ್ರೇಟರ್‌ರನ್ನು ಯಾರು ನೇಮಿಸಿದರು ಎಂಬುದು. ತಕರಾರಿನ ಫಲಿತಾಂಶದಲ್ಲಿ ಹಿತಾಸಕ್ತಿ ಇರುವವರು ಒಬ್ಬರೇ ಕೂತು ಏಕೈಕ ಆರ್ಬಿಟ್ರೇಟರ್‌ರನ್ನು ನೇಮಿಸುವಂತಿಲ್ಲ ಎಂದು 2019ರ ಪರ್ಕಿನ್ಸ್ ಈಸ್ಟ್‌ಮನ್ ತೀರ್ಪು ಹೇಳಿತು. ಸರ್ಕಾರ ಮತ್ತು ಖಾಸಗಿಯವರ ಗುತ್ತಿಗೆಗಳಲ್ಲಿ ಇಂಥ ಏಕಪಕ್ಷೀಯ ಷರತ್ತು ಸಮಾನತೆಯ ಹಕ್ಕು ಕೊಡುವ ಸಂವಿಧಾನದ 14ನೇ ವಿಧಿಗೇ ವಿರುದ್ಧ ಎಂದು 2024ರ ನವೆಂಬರಿನಲ್ಲಿ ಸಂವಿಧಾನ ಪೀಠ ತೀರ್ಮಾನಿಸಿತು. ರಸ್ತೆ, ಸೇತುವೆ ಗುತ್ತಿಗೆದಾರರು ಇದನ್ನು ಗಮನಿಸಬೇಕು. ಆದ್ದರಿಂದ ನೋಟಿಸಿಗೆ ಉತ್ತರ ಬರೆಯಿರಿ: 'ಈ ನೇಮಕಕ್ಕೆ ನನ್ನ ಒಪ್ಪಿಗೆ ಇಲ್ಲ, ಸೆಕ್ಷನ್ 12(5)ರ ಆಕ್ಷೇಪವಿದೆ.' ತಕರಾರು ಹುಟ್ಟಿದ ಮೇಲೆ ನೀವು ಬರೆದುಕೊಟ್ಟರೆ ಮಾತ್ರ ಈ ಆಕ್ಷೇಪ ಬಿಟ್ಟುಕೊಟ್ಟಂತೆ. ಹಾಗಾಗಿ 'ನಮ್ಮ ಆಕ್ಷೇಪವಿಲ್ಲ' ಎಂಬ ಅಚ್ಚುಹಾಕಿದ ಹಾಳೆ ಜೊತೆಗಿದ್ದರೆ ಅದಕ್ಕೆ ಸಹಿ ಹಾಕಬೇಡಿ. ಸೇವೆಯ ಲೋಪದ ದೂರು ನಿಮ್ಮದಾದರೆ ಗ್ರಾಹಕ ಆಯೋಗದ ಬಾಗಿಲನ್ನು ಆರ್ಬಿಟ್ರೇಷನ್ ಷರತ್ತು ಮುಚ್ಚುವುದಿಲ್ಲ. ಹೆಂಗಸರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು ಆದಾಯದ ಲೆಕ್ಕವಿಲ್ಲದೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಿಂದ ಉಚಿತವಾಗಿ ವಕೀಲರನ್ನು ಪಡೆಯಬಹುದು.

ಒಪ್ಪಿಗೆಯೇ ಇಲ್ಲದ ಆರ್ಬಿಟ್ರೇಷನ್ ಒಂದಿದೆ, ಅದು ಹೆದ್ದಾರಿಯದು. ರಾಷ್ಟ್ರೀಯ ಹೆದ್ದಾರಿಗೆ ಜಮೀನು ಹೋದಾಗ ನಿಗದಿಯಾದ ಪರಿಹಾರ ಒಪ್ಪದಿದ್ದರೆ 1956ರ ಹೆದ್ದಾರಿ ಕಾಯ್ದೆಯ ಸೆಕ್ಷನ್ 3ಜಿ(5)ರಂತೆ ಕೇಂದ್ರ ಸರ್ಕಾರ ನೇಮಿಸಿದ ಆರ್ಬಿಟ್ರೇಟರ್ ಮುಂದೆ ಹೋಗಬೇಕು. ಸಾಮಾನ್ಯವಾಗಿ ಅವರು ಜಿಲ್ಲಾಧಿಕಾರಿ ಮಟ್ಟದ ಅಧಿಕಾರಿ. ಜಮೀನು ತೆಗೆದುಕೊಂಡದ್ದೂ ಸರ್ಕಾರ, ಆರ್ಬಿಟ್ರೇಟರ್ ನೇಮಕವೂ ಸರ್ಕಾರದ್ದೇ. ಇದು ನ್ಯಾಯವಾದ ಏರ್ಪಾಡು ಎಂದು ನನಗೆ ಅನಿಸುವುದಿಲ್ಲ. ಇರುವ ದಾರಿ ಇದಾದ್ದರಿಂದ ಅಲ್ಲಿಗೆ ಹೋಗುವಾಗ ಆಸುಪಾಸಿನ ನೋಂದಾಯಿತ ಕ್ರಯಪತ್ರಗಳು, ತೋಟಗಾರಿಕೆ ಇಲಾಖೆಯಿಂದ ಮರಗಳ ಎಣಿಕೆ ಮತ್ತು ಮೌಲ್ಯದ ವರದಿ, ಬಾವಿ, ಪಂಪ್‌ಸೆಟ್, ಅಗಳ, ಕಟ್ಟಡಗಳ ಫೋಟೊ ಇವನ್ನು ಜೆಸಿಬಿ ಬರುವ ಮೊದಲೇ ಮಾಡಿಸಿಕೊಳ್ಳಬೇಕು. ಮರ ಬಿದ್ದ ಮೇಲೆ ಎಣಿಸುವುದು ಏನನ್ನು?

ಐತೀರ್ಪು ಬಂದ ಮೇಲೆ

ಐತೀರ್ಪು ಲಿಖಿತವಾಗಿರಬೇಕು, ಕಾರಣ ಕೊಟ್ಟಿರಬೇಕು, ತಾರೀಖು, ಸ್ಥಳ, ಸಹಿ ಇರಬೇಕು. ಸಹಿ ಮಾಡಿದ ಪ್ರತಿ ಇಬ್ಬರಿಗೂ ಸಿಗಬೇಕು. ಲೆಕ್ಕದ ತಪ್ಪು, ಅಕ್ಷರ ದೋಷ ಇದ್ದರೆ 30 ದಿನದೊಳಗೆ ತಿದ್ದಿಸಬಹುದು. ಸೋತವರಿಗೆ ಇರುವುದು ಅಪೀಲು ಅಲ್ಲ, ಸೆಕ್ಷನ್ 34ರ ರದ್ದತಿ ಅರ್ಜಿ. 'ಆರ್ಬಿಟ್ರೇಟರ್ ಸಾಕ್ಷ್ಯವನ್ನು ಸರಿಯಾಗಿ ತೂಗಲಿಲ್ಲ' ಎಂಬುದು ಅಲ್ಲಿ ನಡೆಯುವುದಿಲ್ಲ. ನೋಟಿಸ್ ಕೊಡಲಿಲ್ಲ, ಮಾತಾಡಲು ಬಿಡಲಿಲ್ಲ, ಒಪ್ಪಿಸದ ಸಂಗತಿಗೂ ತೀರ್ಪು ಕೊಟ್ಟರು, ನೇಮಕವೇ ಕ್ರಮಬದ್ಧವಲ್ಲ, ಸಾರ್ವಜನಿಕ ನೀತಿಗೆ ವಿರುದ್ಧ, ಮೇಲ್ನೋಟಕ್ಕೇ ಕಾನೂನುಬಾಹಿರ ಎಂಬಂಥ ಕೆಲವೇ ಕಾರಣಗಳು. ಗಡುವು ಮೂರು ತಿಂಗಳು. ಸಕಾರಣವಿದ್ದರೆ ಇನ್ನು 30 ದಿನ. ಅದರಾಚೆ ಒಂದು ದಿನವನ್ನೂ ಮನ್ನಿಸುವ ಅಧಿಕಾರ ಕೋರ್ಟಿಗಿಲ್ಲ. ಮೊತ್ತವನ್ನು ಕೋರ್ಟು ತಿದ್ದಬಹುದೇ ಎಂಬ ಪ್ರಶ್ನೆಗೆ 2021ರಲ್ಲಿ, ಅದೂ ಹೆದ್ದಾರಿ ಪರಿಹಾರದ ಪ್ರಕರಣದಲ್ಲೇ, ಇಲ್ಲ ಎಂದಿದ್ದ ಸುಪ್ರೀಂ ಕೋರ್ಟ್, 2025ರ ಏಪ್ರಿಲ್‌ನಲ್ಲಿ ಐವರ ಪೀಠದ ಬಹುಮತದಿಂದ ಸೀಮಿತ ಸಂದರ್ಭಗಳಲ್ಲಿ ತಿದ್ದಬಹುದು ಎಂದಿದೆ.

ರದ್ದತಿ ಅರ್ಜಿ ಹಾಕಿದ ಮಾತ್ರಕ್ಕೆ ಐತೀರ್ಪು ನಿಲ್ಲುವುದಿಲ್ಲ. 2015ಕ್ಕೆ ಮೊದಲು ತಾನಾಗಿ ತಡೆ ಸಿಗುತ್ತಿತ್ತು. ಈಗ ಬೇರೆ ಅರ್ಜಿ ಹಾಕಿ ತಡೆಯಾಜ್ಞೆ ಪಡೆಯಬೇಕು, ಹಣದ ಐತೀರ್ಪಾದರೆ ಕೋರ್ಟು ಸಾಮಾನ್ಯವಾಗಿ ಠೇವಣಿಯೋ ಭದ್ರತೆಯೋ ಕೇಳುತ್ತದೆ. ಬಡ್ಡಿಯ ಬಗ್ಗೆ ಐತೀರ್ಪಿನಲ್ಲಿ ಬೇರೆ ಹೇಳದಿದ್ದರೆ ಆ ದಿನದಿಂದ ಹಣ ಕೊಡುವವರೆಗೆ ಚಾಲ್ತಿ ದರಕ್ಕಿಂತ ಶೇ 2 ಹೆಚ್ಚು ಬಡ್ಡಿ ಓಡುತ್ತದೆ. ಗೆದ್ದವರಿಗೆ ಜಾರಿ ಅರ್ಜಿ ಹಾಕಲು 12 ವರ್ಷ ಇದೆ. ಆಗ ಕೋರ್ಟು ಕೇಳುವುದು ಆರ್ಬಿಟ್ರೇಟರ್ ಸಹಿ ಇರುವ ಐತೀರ್ಪಿನ ಪ್ರತಿ. ರದ್ದತಿಯ ಗಡುವು ಎಣಿಸುವುದು ಅದು ಕೈಸೇರಿದ ತಾರೀಖಿನಿಂದ. ಆದ್ದರಿಂದ ಐತೀರ್ಪು ಬಂದ ಅಂಚೆ ಲಕೋಟೆಯನ್ನು ಹರಿದು ಎಸೆಯದೆ, ಮೇಲಿನ ಮುದ್ರೆ ಕಾಣುವಂತೆ, ಕಾಗದದ ಜೊತೆಗೇ ಪಿನ್ ಮಾಡಿ ಇಡಬೇಕು.